ನಿಮಗಿದು ಗೊತ್ತೇ? ಗುಹೆಗಳು ಕಾಪಾಡಿದ ತೈನೊ ಕಲೆ

1492ರ ಅಕ್ಟೋಬರ್‌ನಲ್ಲಿ ಕೊಲಂಬಸ್ ಕೆರಿಬಿಯನ್ ದ್ವೀಪಗಳಿಗೆ ಬಂದಿಳಿದಾಗ ಅವನನ್ನು ಎದುರುಗೊಂಡವರು ತೈನೊ ಜನ. ಬಹಾಮಾಸ್, ಜಮೈಕಾ, ಪೋರ್ಟೊ ರಿಕೊ, ಕ್ಯೂಬಾದ ಬಹುಭಾಗ, ಇಂದು ಹೈಟಿ ಮತ್ತು ಡೊಮಿನಿಕನ್ ಗಣರಾಜ್ಯ ಹಂಚಿಕೊಂಡಿರುವ ಹಿಸ್ಪಾನಿಯೋಲಾ, ಇಷ್ಟೂ ಅವರ ನಾಡು. ಲಿಪಿ ಅವರಲ್ಲಿರಲಿಲ್ಲ. ಅವರ ಮಾತನ್ನು ಇಂದು ನಾವು ಕೇಳಬೇಕಾದದ್ದು ಕಲ್ಲು, ಮರ, ಮೂಳೆ, ಹತ್ತಿಯಲ್ಲಿ ಅವರು ಮಾಡಿಟ್ಟ ಕೆಲಸದಲ್ಲೇ.

ಯಾವ ಮರದಲ್ಲಿ ಮೂರ್ತಿ ಕಡೆಯಬೇಕೆಂದು ಅಲ್ಲಿ ಹೇಳುತ್ತಿದ್ದುದು ಸ್ವತಃ ಮರವೇ! ದಾರಿಯಲ್ಲಿ ಹೋಗುವವನ ಕಣ್ಣಿಗೆ ಮರವೊಂದರ ಬೇರು ಅಲುಗಾಡಿದಂತೆ ಕಂಡರೆ ಅವನು ನಿಂತು, ನೀನು ಯಾರು ಎಂದು ಕೇಳಬೇಕು. ಬೆಹಿಕೆಯನ್ನು ಕರೆತಾ, ಅವನಿಗೆ ಹೇಳುತ್ತೇನೆ ಎನ್ನುತ್ತದೆ ಮರ. ಬೆಹಿಕೆ ಎಂದರೆ ಊರಿನ ವೈದ್ಯನೂ ಪೂಜಾರಿಯೂ ಆದವನು. ಅವನು ಬಂದು, ದೊರೆಯನ್ನು ಹೊಗಳುವಂತೆ ಆ ಮರದ ಬಿರುದುಗಳನ್ನೆಲ್ಲ ಹೇಳಿ, ನಿನಗೆ ಯಾವ ರೂಪ ಬೇಕು, ಮನೆ ಬೇಕೇ, ಹೊಲ ಬೇಕೇ ಎಂದು ವಿಚಾರಿಸುತ್ತಾನೆ. ಕಡೆತ ಶುರುವಾಗುವುದು ಆಮೇಲೆ. ಹೀಗೆ ಚೈತನ್ಯ ತುಂಬಿದ ವಸ್ತುವಿಗೆ ‘ಸೆಮಿ’ ಎಂದು ಹೆಸರು.

ಇದನ್ನು ಬರೆದಿಟ್ಟವನು ರಾಮೋನ್ ಪಾನೆ ಎಂಬ ಕ್ರೈಸ್ತ ಸಂನ್ಯಾಸಿ. ಕೊಲಂಬಸ್‌ನ ಅಪ್ಪಣೆಯಂತೆ ತೈನೊ ಜನರ ನಡುವೆ ಬದುಕಿ, 1498ರ ಹೊತ್ತಿಗೆ ವರದಿ ಮುಗಿಸಿದ. ಅದರ ಸ್ಪ್ಯಾನಿಷ್ ಮೂಲಪ್ರತಿ ಕಳೆದುಹೋಗಿದೆ. ಕೊಲಂಬಸ್‌ನ ಮಗ ಬರೆದ ತಂದೆಯ ಜೀವನಚರಿತ್ರೆಯೊಳಗೆ ಸೇರಿಕೊಂಡು, 1571ರಲ್ಲಿ ವೆನಿಸ್‌ನಲ್ಲಿ ಅಚ್ಚಾದ ಇಟಾಲಿಯನ್ ಅನುವಾದದಲ್ಲಿ ಮಾತ್ರ ಅದು ಪೂರ್ತಿಯಾಗಿ ಉಳಿದಿದೆ. ಒಂದಿಡೀ ಜನಾಂಗದ ಪುರಾಣಕ್ಕೆ ಎಷ್ಟು ತೆಳುವಾದ ಆಸರೆ!

ಮೂರು ಮೊನೆಯ ಪುಟ್ಟ ಕಲ್ಲುಗಳು ತೈನೊ ನೆಲದಲ್ಲಿ ಬಹಳ ಸಿಗುತ್ತವೆ. ನಡುವೆ ಬೆಟ್ಟದಂಥ ಉಬ್ಬು, ಎರಡು ತುದಿಯಲ್ಲಿ ಮುಖ, ಮಡಿಸಿದ ಕಾಲು. ಮರಗೆಣಸಿನ ಬೆಳೆ ಹುಲುಸಾಗಲು ಇವು ನೆರವಾಗುತ್ತವೆಂಬ ನಂಬಿಕೆಯಿತ್ತು ಎನ್ನುತ್ತಾನೆ ಪಾನೆ. ಅವರ ಮುಖ್ಯ ಆಹಾರವೇ ಮರಗೆಣಸು. ಕಹಿ ಜಾತಿಯ ಗೆಡ್ಡೆಯಲ್ಲಿ ಸಯನೈಡ್ ವಿಷವಿರುತ್ತದೆ. ಅದನ್ನು ತುರಿದು, ರಸ ಹಿಂಡಿ ತೆಗೆದು, ಮಣ್ಣಿನ ಹೆಂಚಿನ ಮೇಲೆ ರೊಟ್ಟಿ ಸುಡುತ್ತಿದ್ದರು. ತಿಂಗಳುಗಟ್ಟಲೆ ಕೆಡದ ಈ ರೊಟ್ಟಿಯೇ ಮುಂದೆ ಸ್ಪೇನಿನ ಹಡಗುಗಳ ಬುತ್ತಿಯಾಯಿತು.

ದೇವರೊಡನೆ ಮಾತಾಡುವ ಮುನ್ನ ವಾಂತಿ ಮಾಡಿ ಹೊಟ್ಟೆ ಶುದ್ಧಿ ಮಾಡಿಕೊಳ್ಳಬೇಕಿತ್ತು. ಅದಕ್ಕೆಂದೇ ಮನಾಟಿ ಎಂಬ ಕಡಲಪ್ರಾಣಿಯ ಪಕ್ಕೆಲುಬಿನಲ್ಲಿ ಕಡೆದ ಬಾಗಿದ ಪಟ್ಟಿಗಳಿದ್ದವು. ಗಂಟಲಿಗೆ ಇಳಿಸುವ ಉಪಕರಣ, ಹಿಡಿಯಲ್ಲಿ ಮಾತ್ರ ಸೊಗಸಾದ ಮುಖ! ಬಳಿಕ ‘ಕೊಹೊಬ’ ಎಂಬ ಅಮಲಿನ ಬೀಜದ ಪುಡಿಯನ್ನು ಕವಲು ಕೊಳವೆಯಿಂದ ಮೂಗಿಗೆ ಸೇದುತ್ತಿದ್ದರು. ಪುಡಿಯಿಡಲು ಕೆಲವು ಮೂರ್ತಿಗಳ ತಲೆಯ ಮೇಲೆಯೇ ತಟ್ಟೆ ಕಡೆದಿರುತ್ತಿತ್ತು.

ಈ ವಿಧಿಯಲ್ಲಿ ನಾಯಕ ಕೂರುತ್ತಿದ್ದ ಗಿಡ್ಡ ಪೀಠ ‘ದುಹೊ’. ಲೋಹದ ಉಳಿಯಿಲ್ಲದ ಜನ, ನೀರಿನಲ್ಲಿ ಮುಳುಗುವಷ್ಟು ಗಟ್ಟಿಯಾದ ಗ್ವಾಯಕನ್ ಮರವನ್ನು ಕಲ್ಲು, ಚಿಪ್ಪುಗಳಿಂದ ಕಡೆದು ಕನ್ನಡಿಯಂತೆ ನಯ ಮಾಡಿದ್ದಾರೆ. ಬ್ರಿಟಿಷ್ ಮ್ಯೂಸಿಯಂನಲ್ಲಿರುವ ಒಂದು ದುಹೊದ ಮುಖದಲ್ಲಿ ಚಿನ್ನದ ಕಣ್ಣುಗಳು ಇಂದಿಗೂ ಇವೆ.

ಅದೇ ಮ್ಯೂಸಿಯಂನಲ್ಲಿ, 1792ರಲ್ಲಿ ಜಮೈಕಾದ ಕಾರ್ಪೆಂಟರ್ಸ್ ಮೌಂಟನ್ ಗುಹೆಯೊಂದರಲ್ಲಿ ದೊರೆತ ಮರದ ಮೂರ್ತಿಗಳಿವೆ. ಒಂದು ಪಕ್ಷಿಮಾನವ. ಇನ್ನೊಂದರ ಕಣ್ಣುಗಳಿಂದ ಕೆನ್ನೆಗೆ ಗೆರೆಗಳು ಇಳಿದಿವೆ. ಮಳೆ ತರುವ ಬೊಯಿನಾಯೆಲ್‌ನ ಕಣ್ಣೀರು ಅದು ಎಂದು ವಿದ್ವಾಂಸರು ಊಹಿಸುತ್ತಾರೆ. ಇವನ್ನು ಮರಳಿಸಿ ಎಂದು ಜಮೈಕಾ ಸರ್ಕಾರ ಕೇಳುತ್ತಿದೆ. ನ್ಯಾಯವಾದ ಕೋರಿಕೆ. ಜಮೈಕಾದ ಮಗುವೊಂದು ತನ್ನ ನೆಲದ ಮಳೆದೇವರನ್ನು ನೋಡಲು ಲಂಡನ್ನಿಗೆ ಹೋಗಬೇಕೇ?

ಇಟಲಿಯ ಟುರಿನ್ ವಿಶ್ವವಿದ್ಯಾಲಯದ ಸಂಗ್ರಹದಲ್ಲಿ ಹತ್ತಿಯಿಂದ ಹೆಣೆದ ಸೆಮಿಯೊಂದಿದೆ. ಅದರ ತಲೆಯೊಳಗಿರುವುದು ನಿಜವಾದ ಮನುಷ್ಯನ ತಲೆಬುರುಡೆ. ಇದೂ ಸಿಕ್ಕಿದ್ದು ಡೊಮಿನಿಕನ್ ಗಣರಾಜ್ಯದ ಗುಹೆಯಲ್ಲೇ.

ಇವನ್ನು ಗುಹೆ ಕಾಪಾಡಿದಂತೆ ಇನ್ನು ಕೆಲವನ್ನು ನೀರು ಕಾಪಾಡಿದೆ. 1990ರ ದಶಕದಲ್ಲಿ ಅದೇ ದೇಶದ ಲಾ ಅಲೆಟಾ ಎಂಬ ನೀರು ತುಂಬಿದ ಕುಳಿಗೆ ಇಳಿದ ಮುಳುಗುಗಾರರು ಬುಟ್ಟಿ, ಮರದ ಬಟ್ಟಲು, ಸೋರೆಬುರುಡೆಗಳನ್ನು ಮೇಲೆ ತಂದರು. ತಳದ ನೀರಿನಲ್ಲಿ ಆಮ್ಲಜನಕ ತೀರ ಕಡಿಮೆ, ಹಾಗಾಗಿ ಬುಟ್ಟಿಯ ಹೆಣಿಗೆ ಕೂಡ ಕೊಳೆತಿರಲಿಲ್ಲ.

ಮೋನಾ ದ್ವೀಪ ನೋಡಿ. ಪೋರ್ಟೊ ರಿಕೊ ಮತ್ತು ಹಿಸ್ಪಾನಿಯೋಲಾ ನಡುವಿನ ಈ ಸಣ್ಣ ದ್ವೀಪದಲ್ಲಿ ಸುಮಾರು 200 ಗುಹೆಗಳಿವೆ. 2013ರಿಂದ ಈಚೆಗೆ ನಡೆದ ಶೋಧದಲ್ಲಿ ಸಾವಿರಾರು ಚಿತ್ರಗಳು ಬೆಳಕಿಗೆ ಬಂದವು. ಬಹಳಷ್ಟಕ್ಕೆ ಬಣ್ಣವೇ ಇಲ್ಲ! ಗೋಡೆಯ ಮೆತ್ತನೆಯ ಸುಣ್ಣದ ಪದರದ ಮೇಲೆ ಬೆರಳೆಳೆದರೆ ಒಳಗಿನ ತಿಳಿಬಣ್ಣ ಕಾಣಿಸುತ್ತದೆ, ಅದೇ ಗೆರೆ. ಹಗಲ ಬೆಳಕು ಸುಳಿಯದ ಒಳಭಾಗದಲ್ಲಿ ಪಂಜು ಹಿಡಿದು ಬರೆದ ಮುಖಗಳು, ಸುಳಿಗಳು. ಒಂದು ಗುಹೆಯಲ್ಲಂತೂ ಇವುಗಳ ಪಕ್ಕದಲ್ಲೇ 16ನೇ ಶತಮಾನದ ಸ್ಪ್ಯಾನಿಷರು ಶಿಲುಬೆ, ತಮ್ಮ ಹೆಸರು, ಲ್ಯಾಟಿನ್ ಸಾಲುಗಳನ್ನು ಕೆತ್ತಿದ್ದಾರೆ. ಹಳೆಯ ಚಿತ್ರಗಳನ್ನು ಅವರು ಅಳಿಸಿ ಹಾಕಲಿಲ್ಲ. ಆ ಕಾಲದ ಕ್ರೌರ್ಯವನ್ನು ಬಲ್ಲವರಿಗೆ ಇದು ನಿಂತು ಯೋಚಿಸಬೇಕಾದ ಸಂಗತಿ.

ಪುಟಿಯುವ ರಬ್ಬರ್ ಚೆಂಡನ್ನು ಯುರೋಪಿನವರು ಮೊದಲು ಕಂಡದ್ದು ತೈನೊ ಜನರ ದ್ವೀಪಗಳಲ್ಲಿ. ಕೈ ತಾಗಿಸದೆ ಸೊಂಟ, ಭುಜ, ಮೊಣಕಾಲಿನಿಂದ ಆಡುವ ಆಟ; ಹೆಂಗಸರೂ ಆಡುತ್ತಿದ್ದರು. ಪೋರ್ಟೊ ರಿಕೊದ ಕಾಗ್ವಾನಾದಲ್ಲಿ ಈ ಆಟದ ಅಂಗಳಗಳ ಸುತ್ತ ನೆಟ್ಟ ಕಲ್ಲುಗಳಿವೆ. ಅವುಗಳಲ್ಲೊಂದರ ಮೇಲೆ ಕಪ್ಪೆಯಂತೆ ಕಾಲು ಮಡಿಸಿ ಕುಳಿತ ಹೆಣ್ಣು, ಮಹಾತಾಯಿ ಅತಾಬೇ ಎಂದು ಹಲವರು ಗುರುತಿಸುವ ರೂಪ.

ಪೋರ್ಟೊ ರಿಕೊದ್ದೇ ಇನ್ನೊಂದು ನೆಲೆ ಟೀಬೆಸ್. 1975ರ ಚಂಡಮಾರುತದ ನೆರೆ ಮಣ್ಣು ಕೊಚ್ಚಿಕೊಂಡು ಹೋದಾಗ ಅದು ಬಯಲಾಯಿತು. ಅಗೆದಾಗ ಅಂಗಳಗಳ ಜೊತೆ ತೈನೊ ಕಾಲಕ್ಕೂ ಹಿಂದಿನವರ 180ಕ್ಕೂ ಹೆಚ್ಚು ಸಮಾಧಿಗಳು ಸಿಕ್ಕಿದವು.

ಲೋಹಗಳಲ್ಲಿ ತೈನೊ ಜನರಿಗೆ ಅಪ್ಪಟ ಚಿನ್ನಕ್ಕಿಂತ ತಾಮ್ರ ಬೆರೆತ ಕೆಂಪುಛಾಯೆಯ ಚಿನ್ನ ‘ಗ್ವಾನೀನ್’ ಹೆಚ್ಚು ಪ್ರಿಯ. ಅದಕ್ಕೆ ವಿಶೇಷವಾದ ವಾಸನೆಯಿದೆ ಎಂದೂ ಮೆಚ್ಚುತ್ತಿದ್ದರಂತೆ!

ಸತ್ತವರು ರಾತ್ರಿ ಹೊರಬಂದು ಸೀಬೆಹಣ್ಣು ತಿನ್ನುತ್ತಾರೆ, ಬದುಕಿದವರ ಜೊತೆ ಬೆರೆಯುತ್ತಾರೆ ಎಂದು ತೈನೊ ಜನ ನಂಬಿದ್ದರು. ಗುರುತಿಸುವುದು ಹೇಗೆ? ಹೊಟ್ಟೆ ಮುಟ್ಟಿ ನೋಡಬೇಕು. ಸತ್ತವರಿಗೆ ಹೊಕ್ಕುಳಿರುವುದಿಲ್ಲ. ತೈನೊ ಮೂರ್ತಿಗಳಲ್ಲಿ ಹೊಕ್ಕುಳನ್ನು ಎದ್ದು ಕಾಣುವಂತೆ ಕಡೆದಿರುವುದನ್ನು ಈ ನಂಬಿಕೆ ತಿಳಿದು ನೋಡಿದರೆ ಬೇರೆಯೇ ಅರ್ಥ ಹೊಳೆಯುತ್ತದೆ.

ತೈನೊ ಜನ ನಿರ್ನಾಮವಾದರು ಎಂದು ಪಠ್ಯಪುಸ್ತಕಗಳು ಬಹುಕಾಲ ಹೇಳಿದವು. ರೋಗ, ಬಲವಂತದ ದುಡಿತ, ಕೊಲೆಗಳಿಂದ ಅವರ ಸಂಖ್ಯೆ ಕೆಲವೇ ದಶಕಗಳಲ್ಲಿ ಕುಸಿದದ್ದು ನಿಜ. ಆದರೆ ಬಹಾಮಾಸ್‌ನ ಎಲ್ಯೂಥೆರಾ ದ್ವೀಪದ ಪ್ರೀಚರ್ಸ್ ಗುಹೆಯಲ್ಲಿ ಸಿಕ್ಕ ಸುಮಾರು 1000 ವರ್ಷ ಹಿಂದಿನ ಹೆಂಗಸೊಬ್ಬಳ ಹಲ್ಲಿನಿಂದ ಪೂರ್ಣ ಜೀನೋಮ್ ಓದಿದ ವಿಜ್ಞಾನಿಗಳು, ಇಂದಿನ ಪೋರ್ಟೊ ರಿಕೊ ಜನರಲ್ಲಿ ಅವಳ ಬಳಗದ ವಂಶವಾಹಿ ಇದೆ ಎಂದು 2018ರಲ್ಲಿ ಪ್ರಕಟಿಸಿದರು. ತಾಯಿಯಿಂದ ಮಾತ್ರ ಬರುವ ಮೈಟೊಕಾಂಡ್ರಿಯ ಡಿಎನ್‌ಎ ಪರೀಕ್ಷೆಯಲ್ಲಂತೂ ಪೋರ್ಟೊ ರಿಕೊದ ಸುಮಾರು ಶೇ. 61 ಜನರ ತಾಯಿಬೇರು ಅಮೆರಿಕದ ಮೂಲನಿವಾಸಿಗಳದ್ದೇ ಎಂದು ಕಂಡುಬಂದಿದೆ.