ಬಂದ ದಿನ, ಹೋದ ದಿನ

ನನ್ನ ಟಿಪ್ಪಣಿ ಪುಸ್ತಕದ ಒಂದು ಪುಟದಲ್ಲಿ ಹೊಡೆದುಹಾಕಿದ ಪದವೊಂದಿದೆ. ತಾರೀಕು 2018ರ ಮೇ 11, ಶುಕ್ರವಾರ. ಜಾಗ, ಡಬ್ಲಿನ್ನಿನ ಉತ್ತರಕ್ಕೆ ಕಡಲಂಚಿನ ಮಾಲಹೈಡ್. ಬರೆದದ್ದು ಇಷ್ಟು: ‘ಐರ್ಲೆಂಡಿನ ಮೊದಲ ಟೆಸ್ಟ್. ಎದುರಾಳಿ ಪಾಕಿಸ್ತಾನ. ಮಳೆ. ಆಟವಿಲ್ಲ. ವಾಪಸ್ ಬರುವಾಗ ಅಳಿವೆಯಲ್ಲಿ ಕೆಂಪು ಕೊಕ್ಕಿನ ಆಯ್‌ಸ್ಟರ್‌ಕ್ಯಾಚರ್, 11.’

ಹಕ್ಕಿಗಳ ಎಣಿಕೆ ಸರಿ, ಮಳೆಯೂ ಸರಿ. ತಪ್ಪಿದ್ದು ‘ಮೊದಲ’ ಎಂಬ ಪದ. ಅದರ ಮೇಲೆ ಗೆರೆ ಎಳೆದು, ಅಂಚಿನಲ್ಲಿ ಬೇರೆ ಶಾಯಿಯಲ್ಲಿ ಬರೆದುಕೊಂಡಿದ್ದೇನೆ: ‘2000 ಜುಲೈ 30, ಕಾಲೇಜ್ ಪಾರ್ಕ್ ನೋಡು.’ ಹಕ್ಕಿ ನೋಡುವ ಹವ್ಯಾಸದವರು ಟಿಪ್ಪಣಿಯನ್ನು ರಬ್ಬರ್ ಹಾಕಿ ಅಳಿಸಬಾರದು ಅಂತ ಒಂದು ಕಟ್ಟುಪಾಡಿದೆ. ಹಳೆಯ ತಪ್ಪು ಓದಲು ಸಿಗುವಂತೆ ಒಂದೇ ಗೆರೆ ಎಳೆಯಬೇಕು. ಕಣ್ಣು ಎಲ್ಲಿ ಮೋಸಹೋಯಿತು ಎಂಬುದು ಮುಂದೆಂದೋ ಉಪಯೋಗಕ್ಕೆ ಬರುತ್ತದೆ.

ನಾನು ಮೋಸಹೋದದ್ದು ಕಿವಿಯಿಂದ. ಎಲ್ಲರೂ ‘ಮೊದಲ ಟೆಸ್ಟ್’ ಅನ್ನುತ್ತಿದ್ದರು, ನಾನೂ ಬರೆದುಕೊಂಡೆ. ಆ ಪಂದ್ಯದಲ್ಲಿ ಐರ್ಲೆಂಡಿನ ಆರಂಭಿಕ ಆಟಗಾರ ಎಡ್ ಜಾಯ್ಸ್, ವಯಸ್ಸು ಮೂವತ್ತೊಂಬತ್ತು. ಅದೇ ಅವರ ಕೊನೆಯ ಟೆಸ್ಟೂ ಆಯಿತು. ಅವರ ತಂಗಿ ಇಸೊಬೆಲ್ ಜಾಯ್ಸ್ ಹದಿನೆಂಟು ವರ್ಷ ಮೊದಲೇ ಐರ್ಲೆಂಡಿಗೆ ಟೆಸ್ಟ್ ಆಡಿ, ಒಂದು ಇನಿಂಗ್ಸಿನಲ್ಲಿ 21 ರನ್ನಿಗೆ ಆರು ವಿಕೆಟ್ ಕಿತ್ತು, ಗೆದ್ದು ಮನೆಗೆ ಬಂದಿದ್ದರು.

ಜನವರಿ, ಸೇಂಟ್ ಆನ್ಸ್ ಪಾರ್ಕ್

ಕೊಲ್ಲಿಯ ಕಡೆಯಿಂದ ಕೊರೆಯುವ ಗಾಳಿ. ಆಟದ ಮೈದಾನದಲ್ಲಿ ಬ್ರೆಂಟ್ ಹೆಬ್ಬಾತುಗಳು, ಇನ್ನೂರರ ಮೇಲೆ. ಕಪ್ಪು ತಲೆ, ಕಪ್ಪು ಕೊರಳು, ಕೊರಳಿನ ಪಕ್ಕ ವಿಭೂತಿ ಎಳೆದಂಥ ಬಿಳಿ ಗೀಟು, ಮಾಸಲು ಹೊಟ್ಟೆ. ಕೆನಡಾದ ಉತ್ತರದ ತುತ್ತತುದಿಯ ದ್ವೀಪಗಳಲ್ಲಿ ಮರಿ ಮಾಡಿ, ಗ್ರೀನ್‌ಲ್ಯಾಂಡ್ ದಾಟಿ, ಐಸ್‌ಲ್ಯಾಂಡಿನಲ್ಲಿ ದಣಿವಾರಿಸಿಕೊಂಡು ಬರುತ್ತವೆ. ಮೊದಲು ಕೊಲ್ಲಿಯ ಕೆಸರಲ್ಲಿ ಬೆಳೆಯುವ ಈಲ್‌ಗ್ರಾಸ್ ತಿಂದು ಮುಗಿಸುತ್ತವೆ. ಆಮೇಲೆ ಊರೊಳಗಿನ ಮೈದಾನಗಳ ಹುಲ್ಲಿಗೆ ಬಾಯಿ. ಏಪ್ರಿಲಿನಲ್ಲಿ ಅವು ಹೊರಡುತ್ತವೆ. ಅದೇ ಹೊತ್ತಿಗೆ ಕ್ರಿಕೆಟ್ಟಿನವರು ರೋಲರ್ ಹೊರತೆಗೆಯುತ್ತಾರೆ.

ಕೆಲವು ಹಕ್ಕಿಗಳ ಕಾಲಲ್ಲಿ ಬಣ್ಣದ ಉಂಗುರ, ಉಂಗುರದ ಮೇಲೊಂದು ಅಕ್ಷರ. ದೂರದರ್ಶಕ ಹೂಡಿ, ಹಕ್ಕಿ ಹುಲ್ಲಿನಿಂದ ಕಾಲೆತ್ತುವವರೆಗೆ ಕಾದು, ಅಕ್ಷರ ಓದಬೇಕು. ಈ ಕಾಯುವಿಕೆ ನನಗೆ ಹೊಸದಲ್ಲ. ನಂಜನಗೂಡಿನ ಹತ್ತಿರ ಹದಿನಾರು ಕೆರೆಯ ಏರಿ ಮೇಲೆ ಕೂತು, ಪಟ್ಟೆತಲೆ ಹೆಬ್ಬಾತುಗಳ ಕೊರಳಪಟ್ಟಿ ಓದಲು ಇಡೀ ಬೆಳಗು ಕಳೆದವನು ನಾನು. ಮಂಗೋಲಿಯಾದಲ್ಲಿ ಯಾರೋ ತೊಡಿಸಿದ ಪಟ್ಟಿಯನ್ನು ಮೈಸೂರು ಸೀಮೆಯಲ್ಲಿ ಯಾರೋ ಓದುತ್ತಾರೆ. ಆ ಎರಡು ಸಾಲುಗಳ ನಡುವೆ ಹಿಮಾಲಯವೇ ಇರುತ್ತದೆ, ಬರೆದವರು ಯಾರೂ ಇರುವುದಿಲ್ಲ.

ಇವತ್ತು ಓದಿದ ಒಂದು ಉಂಗುರ ನನ್ನ ಪುಸ್ತಕದಲ್ಲಿ ನಾಲ್ಕು ಚಳಿಗಾಲದಿಂದ ಇರಲಿಲ್ಲ. ಸತ್ತಿರಬೇಕು ಅಂದುಕೊಂಡಿದ್ದೆ. ಅದು ನಿರಾಳವಾಗಿ ಹುಲ್ಲು ಕೀಳುತ್ತಿತ್ತು.

ಇಸೊಬೆಲ್ ಜಾಯ್ಸ್ ಬದುಕನ್ನೂ ನಾನು ಹೀಗೆ ಉಂಗುರ ಓದಿದ ಹಾಗೆ ಓದಿದವನು. ಅವರ ಕಾಲದ ಪಂದ್ಯಗಳಲ್ಲಿ ಬಹುಪಾಲು ಟಿವಿಯಲ್ಲಿ ಬರಲಿಲ್ಲ. ಉಳಿದಿರುವುದು ಸ್ಕೋರ್ ಪಟ್ಟಿ. 1983ರ ಜುಲೈ 25, ವಿಕ್ಲೋದಲ್ಲಿ ಜನನ, ಸಿಸಿಲಿಯಾ ಜತೆ ಅವಳಿ. ಅಣ್ಣಂದಿರು ಗಸ್, ಡೊಮಿನಿಕ್, ಎಡ್. ಐವರೂ ಐರ್ಲೆಂಡಿಗೆ ಆಡಿದವರು. ತಾಯಿ ಪಂದ್ಯಗಳಿಗೆ ಸ್ಕೋರ್ ಬರೆಯುತ್ತಿದ್ದರು. ಅಂದರೆ ಆ ಮನೆಯಲ್ಲಿ ಒಂದು ಗೂಡಿನಷ್ಟು ಆಟಗಾರರೂ ಇದ್ದರು, ದಾಖಲೆ ಇಡುವವರೂ ಇದ್ದರು. 

ಇಸೊಬೆಲ್ ಮೊದಲ ಏಕದಿನ ಪಂದ್ಯ ಆಡಿದ್ದು 1999ರಲ್ಲಿ, ಹೈಸ್ಕೂಲಿನ ವಯಸ್ಸಿನಲ್ಲಿ. ಅದೇ ಬೇಸಿಗೆಯ ಜೂನ್ 26ರಂದು ಇಂಗ್ಲೆಂಡಿನ ಮಿಲ್ಟನ್ ಕೀನ್ಸ್‌ನಲ್ಲಿ, ಅದೇ ಐರ್ಲೆಂಡ್ ಎದುರು, ಹದಿನಾರರ ಹುಡುಗಿಯೊಬ್ಬಳು ಭಾರತಕ್ಕೆ ಮೊದಲ ಸಲ ಆಡಿ ಔಟಾಗದೆ 114 ಹೊಡೆದಳು. ಮಿಥಾಲಿ ರಾಜ್. ಈ ಹೆಸರನ್ನು ಓದುಗರು ನೆನಪಿಟ್ಟುಕೊಳ್ಳಬೇಕು, ಕೊನೆಗೆ ಮತ್ತೆ ಬರುತ್ತದೆ.

ಜೂನ್, ಕ್ಯಾಸಲ್ ಅವೆನ್ಯೂ

ಕ್ಲಾಂಟಾರ್ಫ್‌ನ ಕ್ರಿಕೆಟ್ ಮೈದಾನ. ಸಂಜೆ ಎಂಟಾದರೂ ಇಳಿಬಿಸಿಲು. ಬುಲ್ ದ್ವೀಪದ ಕಡೆಯಿಂದ ಕಡಲಕಾಗೆಗಳು ಬಂದು ಬೌಂಡರಿ ಹಗ್ಗದ ಆಚೆ ಸಾಲಾಗಿ ಕೂರುತ್ತವೆ, ಟಿಕೆಟ್ ತೆಗೆದುಕೊಂಡವರ ಹಾಗೆ.

2018ರ ಜೂನಿನ ಒಂದೇ ವಾರದಲ್ಲಿ ನ್ಯೂಜಿಲೆಂಡಿನ ಹೆಣ್ಣುಮಕ್ಕಳು ಡಬ್ಲಿನ್ ಸುತ್ತಮುತ್ತ ಐರ್ಲೆಂಡ್ ಎದುರು ಮೂರು ಏಕದಿನ ಪಂದ್ಯ ಆಡಿದರು. ಮೊತ್ತಗಳು: 490, 418, 440. ಮೊದಲನೆಯದು ಗಂಡಸರ ಏಕದಿನ ಪಂದ್ಯಗಳಲ್ಲೂ ಅಲ್ಲಿಯವರೆಗೆ ಯಾರೂ ಮುಟ್ಟದಿದ್ದ ಮೊತ್ತ. ಮೂರನೆಯದು ಇದೇ ಮೈದಾನದಲ್ಲಿ. ಹದಿನೇಳರ ಅಮೆಲಿಯಾ ಕೆರ್ ಔಟಾಗದೆ 232.

ದಾಳಿಯಲ್ಲಿ ಕೆಟ್ಟ ಬೌಲರುಗಳಿದ್ದರು ಎಂದು ಬರೆದು ಪುಟ ಮುಚ್ಚಬಹುದು. ಆದರೆ ಒಂದು ಜಾತಿಯ ಹಕ್ಕಿ ಸೊರಗಿದೆ ಎಂದರೆ ಮೊದಲು ನೋಡಬೇಕಾದ್ದು ಮೇವನ್ನು. ಆ ಹೊತ್ತಿಗೆ ಐರ್ಲೆಂಡ್ ಮಹಿಳಾ ತಂಡದಲ್ಲಿ ಆಟವೇ ಉದ್ಯೋಗವಾಗಿದ್ದವರು ಇರಲಿಲ್ಲ. ಹಗಲು ಕೆಲಸ ಅಥವಾ ಕಾಲೇಜು, ಸಂಜೆ ನೆಟ್ಸ್, ಪ್ರವಾಸಕ್ಕೆ ರಜೆ ಕೂಡಿಸಿಡುವುದು. ಮಂಡಳಿ ಅರೆಕಾಲಿಕ ಒಪ್ಪಂದ ಕೊಟ್ಟದ್ದು 2019ರಲ್ಲಿ, ಪೂರ್ಣಾವಧಿ ಒಪ್ಪಂದ 2022ರಲ್ಲಿ. ಇಸೊಬೆಲ್ ಎರಡಕ್ಕೂ ಮುಂಚಿನವರು. ಎಪ್ಪತ್ತಕ್ಕೂ ಹೆಚ್ಚು ಏಕದಿನ ಪಂದ್ಯ, ಐವತ್ತಕ್ಕೂ ಹೆಚ್ಚು ಟಿ20, ನಾಯಕತ್ವ ಎಲ್ಲವೂ ಸಂಜೆಯ ಬೆಳಕಿನಲ್ಲಿ ಕಲಿತ ಆಟದ ಮೇಲೆ. ಅವರ ನಾಯಕತ್ವದಲ್ಲಿ ತಂಡ 2015ರ ಕೊನೆಗೆ ಬ್ಯಾಂಕಾಕಿನಲ್ಲಿ ಅರ್ಹತಾ ಟೂರ್ನಿ ಗೆದ್ದು, ಮರುವರ್ಷ ಭಾರತದಲ್ಲಿ ನಡೆದ ಟಿ20 ವಿಶ್ವಕಪ್ಪಿಗೆ ಬಂತು. ಮೊಹಾಲಿ, ಚೆನ್ನೈ, ದೆಹಲಿಯಲ್ಲಿ ನಾಲ್ಕು ಪಂದ್ಯ ಆಡಿ ನಾಲ್ಕನ್ನೂ ಸೋತು ಹೋಯಿತು.

ಮೇವು ಸಾಲದ ಕಡೆಯಿಂದ ವಲಸೆ ಇದ್ದದ್ದೇ. ಆ ತಂಡದ ಕಿಮ್ ಗಾರ್ತ್ ಹದಿನಾಲ್ಕನೇ ವಯಸ್ಸಿಗೆ ಐರ್ಲೆಂಡಿಗೆ ಆಡಿದವರು. 2020ರಲ್ಲಿ ವೃತ್ತಿಪರ ಒಪ್ಪಂದ ಹಿಡಿದು ಮೆಲ್ಬರ್ನಿಗೆ ಹೊರಟರು. ಎರಡು ವರ್ಷದ ಮೇಲೆ ಆಸ್ಟ್ರೇಲಿಯಾ ತಂಡಕ್ಕೆ ಸೇರಿದರು. 2025ರಲ್ಲಿ ಬೆಂಗಳೂರಿನ ಆರ್‌ಸಿಬಿ ಹುಡುಗಿಯರ ಜತೆ ಕೆಂಪು ಅಂಗಿ ತೊಟ್ಟರು. ಅವರನ್ನು ‘ಆಸ್ಟ್ರೇಲಿಯಾದ ಬೌಲರ್’ ಎಂದು ಗುರುತಿಸಿದ ನಮ್ಮ ಜನರದು ತಪ್ಪಲ್ಲ. ಕಾಲಿನ ಉಂಗುರ ಮಾತ್ರ ಡಬ್ಲಿನ್ನಿನದು.

ಜುಲೈ ಕೊನೆ, ಕಾಲೇಜ್ ಪಾರ್ಕ್

ಟ್ರಿನಿಟಿ ಕಾಲೇಜಿನ ಒಳಗೆ, ನಗರದ ನಟ್ಟನಡುವೆ ಇರುವ ಮೈದಾನ. ಗೋಡೆಯಾಚೆ ಬಸ್ಸುಗಳ ಸದ್ದು, ಈಚೆ ಮರಗಳ ನೆರಳು. ಪೆವಿಲಿಯನ್ ಮೆಟ್ಟಿಲ ಮೇಲೆ ಗ್ಲಾಸು ಹಿಡಿದ ವಿದ್ಯಾರ್ಥಿಗಳು. ಇಲ್ಲಿ ಬಂದವರಿಗೆಲ್ಲ ಒಂದು ಕತೆ ಕಿವಿಗೆ ಬೀಳುತ್ತದೆ: ಸ್ಯಾಮುಯೆಲ್ ಬೆಕೆಟ್ ಈ ಕಾಲೇಜಿನ ತಂಡಕ್ಕೆ ಎರಡು ಪ್ರಥಮ ದರ್ಜೆ ಪಂದ್ಯ ಆಡಿದ್ದ, ಆಮೇಲೆ ನೊಬೆಲ್ ಪಡೆದ. ಆ ಎರಡು ಪಂದ್ಯ ನಡೆದದ್ದು ಇಂಗ್ಲೆಂಡಿನಲ್ಲಿ. ಇಲ್ಲೇ, ಇದೇ ಹುಲ್ಲಿನ ಮೇಲೆ ನಡೆದ ಟೆಸ್ಟ್ ಪಂದ್ಯದ ಕತೆಯನ್ನು ನನಗೆ ಯಾರೂ ಹೇಳಲಿಲ್ಲ.

ಹಗ್ಗದ ಆಚೆ ಮಂಡಿಯೂರಿ ಹುಲ್ಲು ನೋಡುತ್ತಿದ್ದೆ. ರೈಗ್ರಾಸ್. ಬುಡ ಕೆಂಪಗೆ, ಎಲೆಯ ಹಿಂಬದಿ ಎಣ್ಣೆ ಹಚ್ಚಿದಂತೆ ಮಿರುಗು. ನಡುವೆ ಅಲ್ಲಲ್ಲಿ ಡೇಸಿ ಹೂ, ಕತ್ತರಿಸುವ ಯಂತ್ರಕ್ಕೆ ಸಿಗದಷ್ಟು ಗಿಡ್ಡವಾಗಿ ಬೆಳೆಯಲು ಕಲಿತದ್ದು. ಅಂಗೈ ಊರಿದರೆ ತೇವ ಹತ್ತುತ್ತದೆ, ಬಿಸಿಲಿದ್ದ ದಿನವೂ.

“ಅಂಕಲ್, ಏನ್ ಹುಡುಕ್ತಿದ್ದೀರಿ? ಕೀ ಬಿತ್ತಾ?” ಕನ್ನಡ! ದಾವಣಗೆರೆ ಕಡೆಯ ಹುಡುಗ, ಇಲ್ಲಿ ಎಂಎಸ್ ಓದುತ್ತಾನೆ, ವಾರಾಂತ್ಯಕ್ಕೆ ಲೀಗ್ ಕ್ರಿಕೆಟ್. ನಾನು ಫೋನಲ್ಲಿ ಮಾತಾಡಿದ್ದು ಕೇಳಿಸಿಕೊಂಡಿದ್ದನಂತೆ.

“ಕೀ ಅಲ್ಲಪ್ಪ, ಒಂದು ಟೆಸ್ಟ್ ಮ್ಯಾಚ್ ಹುಡುಕ್ತಿದ್ದೀನಿ.”

“ಇಲ್ಲಾ? ಐರ್ಲೆಂಡ್ ಫಸ್ಟ್ ಟೆಸ್ಟ್ ಗೆದ್ದಿದ್ದು ಅಬುಧಾಬಿನಲ್ಲಿ ಅಲ್ವಾ ಅಂಕಲ್. ಅಫ್ಘಾನಿಸ್ತಾನದ ಮೇಲೆ, 2024.”

“ಅದು ಗಂಡಸರದು.”

ಹುಡುಗ ಫೋನ್ ತೆಗೆದ. ಸ್ಕೋರ್ ಪಟ್ಟಿ ಸಿಗಲು ಹೊತ್ತು ಹಿಡಿಯಲಿಲ್ಲ. ಪಾಕಿಸ್ತಾನ 53ಕ್ಕೆ ಆಲೌಟ್. ಐರ್ಲೆಂಡ್ 3 ವಿಕೆಟ್ಟಿಗೆ 193, ಡಿಕ್ಲೇರ್. ಪಾಕಿಸ್ತಾನ ಮತ್ತೆ 86. ಇನಿಂಗ್ಸ್ ಮತ್ತು 54 ರನ್ನುಗಳ ಗೆಲುವು, ಎರಡೇ ದಿನದಲ್ಲಿ. ಇಸೊಬೆಲ್‌ಗೆ ಹದಿನೇಳು ತುಂಬಿ ಐದು ದಿನವಾಗಿತ್ತು. ಎಡಗೈ ಮಧ್ಯಮ ವೇಗ.

“ಲೆಫ್ಟ್ ಆರ್ಮ್!” ಅಂದ ಹುಡುಗ. ಅವನೂ ಅದೇ ಜಾತಿ. ಆಮೇಲೆ ಪಾಠ ನನಗಾಯಿತು. ಎಡಗೈಯವರು ವಿಕೆಟ್ ಮೇಲಿಂದ ಹಾಕಿದರೆ ಚೆಂಡು ಬಲಗೈ ಬ್ಯಾಟರ್‌ನಿಂದ ಆಚೆ ಸರಿಯುವ ಕೋನದಲ್ಲಿ ಹೊರಡುತ್ತದೆ. ಸ್ವಿಂಗ್ ಆದರೆ ಕೊನೆ ಗಳಿಗೆಯಲ್ಲಿ ಒಳಕ್ಕೆ ತಿರುಗುತ್ತದೆ. ಆಗದಿದ್ದರೆ ಹೊರಗೇ ಹೋಗುತ್ತದೆ. ಆಡುವವರಿಗೆ ಎರಡೂ ಒಂದೇ ಥರ ಕಾಣುತ್ತವೆ. ಮೋಡ ಕವಿದರೆ ಸ್ವಿಂಗ್ ಜಾಸ್ತಿ ಎಂದು ಅವನ ನಂಬಿಕೆ. ವಿಜ್ಞಾನಿಗಳು ಅದನ್ನಿನ್ನೂ ಪೂರ್ತಿ ಒಪ್ಪಿಲ್ಲ ಎಂದೆ. “ಅವರು ಇಲ್ಲಿ ಬೌಲಿಂಗ್ ಮಾಡಿಲ್ಲ ಬಿಡಿ” ಎಂದ. ಹುಲ್ಲಿನ ತೇವದ ಬಗ್ಗೆ ಮಾತ್ರ ಇಬ್ಬರಿಗೂ ಸಹಮತ. ಹಸಿ ಪಿಚ್ಚಿಗೆ ಹೊಲಿಗೆ ಬಡಿದರೆ ಕಚ್ಚುತ್ತದೆ, ಅದಕ್ಕೆ ವೇಗವೇನೂ ಬೇಕಿಲ್ಲ.

ಎದುರಿಗಿದ್ದವರ ಕತೆಯನ್ನೂ ಪುಟಕ್ಕೆ ಸೇರಿಸಬೇಕು. ಪಾಕಿಸ್ತಾನದ ಆ ತಂಡವನ್ನು ಕಟ್ಟಿದವರು ಶೈಜಾ ಖಾನ್, ಶರ್ಮೀನ್ ಖಾನ್ ಎಂಬ ಅಕ್ಕತಂಗಿಯರು, ಬೆದರಿಕೆಗಳ ನಡುವೆ. 1997ರ ಜನವರಿಯಲ್ಲಿ ಮೊದಲ ಪ್ರವಾಸಕ್ಕೆ ಹೋದಾಗ ನ್ಯೂಜಿಲೆಂಡ್ ಅವರ ಮೇಲೆ 455 ರನ್ ಪೇರಿಸಿತ್ತು. ಅಲ್ಲಿ ಅವರು ತಿಂದದ್ದನ್ನೇ ಇಪ್ಪತ್ತೊಂದು ವರ್ಷದ ಮೇಲೆ ಐರ್ಲೆಂಡ್ ತಿಂದಿತು. ಕಾಲೇಜ್ ಪಾರ್ಕಿನಲ್ಲಿ ಆ ಎರಡು ದಿನ ಎದುರುಬದುರಾದದ್ದು ಮೇವು ಸಾಲದ ಎರಡು ಹಿಂಡುಗಳು.

ಗೆದ್ದ ಐರ್ಲೆಂಡಿನ ಹುಡುಗಿಯರಿಗೆ ಇಪ್ಪತ್ತು ವರ್ಷ ಕಳೆದರೂ ಇನ್ನೊಂದು ಟೆಸ್ಟ್ ಸಿಗಲಿಲ್ಲ. ಆಡಿದ್ದು ಒಂದು, ಗೆದ್ದದ್ದು ಒಂದು. ದಾಖಲೆ ನೂರಕ್ಕೆ ನೂರು, ಆದರೆ ಅಂಥ ದಾಖಲೆಯನ್ನು ಯಾವ ಆಟಗಾರ್ತಿಯೂ ಬಯಸಲಾರಳು.

ಆಗಸ್ಟ್ ಮೊದಲ ವಾರ, ಅದೇ ಜಾಗ

ಸ್ವಿಫ್ಟ್ ಹಕ್ಕಿಗಳಿಗಾಗಿ ಬಂದಿದ್ದೇನೆ. ಮೇ ತಿಂಗಳ ಮೊದಲಲ್ಲಿ ಆಫ್ರಿಕಾದಿಂದ ಬರುತ್ತವೆ, ಹೆಂಚಿನ ಸಂದಿಯಲ್ಲಿ ಗೂಡು, ಹಾರುತ್ತಲೇ ತಿಂದು ಹಾರುತ್ತಲೇ ಮಲಗುವ ಜೀವ. ಆಗಸ್ಟಿಗೆ ಹೊರಟುಬಿಡುತ್ತವೆ. ಹೆಚ್ಚುಕಡಿಮೆ ಕ್ರಿಕೆಟ್ ಋತುವಿನಷ್ಟೇ ಅವುಗಳ ಐರಿಷ್ ವಾಸ.

ವಲಸೆ ಹಕ್ಕಿಗಳ ದಾಖಲೆಯಲ್ಲಿ ಒಂದು ಹಳೆಯ ಕೊರತೆ ಇದೆ. ಬಂದ ದಿನವನ್ನು ಎಲ್ಲರೂ ಬರೆಯುತ್ತಾರೆ: ಮೊದಲ ಸ್ವಿಫ್ಟ್, ಇಂಥ ತಾರೀಕು, ಇಂಥ ಬೀದಿ. ಹೋದ ದಿನ ಬರೆಯುವುದು ಕಷ್ಟ. ಮೊದಲನೆಯದನ್ನು ಕಂಡ ಕೂಡಲೇ ಅದು ಮೊದಲನೆಯದೆಂದು ಗೊತ್ತಾಗುತ್ತದೆ. ಕೊನೆಯದು ಕೊನೆಯದೆಂದು ತಿಳಿಯುವುದು ಮರುದಿನ, ಅದರ ಮರುದಿನ, ಆಕಾಶ ಬರಿದಾಗಿಯೇ ಉಳಿದಾಗ.

ಇಸೊಬೆಲ್ ಹೋದ ದಿನ ಮಾತ್ರ ಖಚಿತವಾಗಿ ಸಿಗುತ್ತದೆ. 2018ರ ನವೆಂಬರ್, ಗಯಾನಾದ ಪ್ರಾವಿಡೆನ್ಸ್ ಮೈದಾನ, ಟಿ20 ವಿಶ್ವಕಪ್. 15ರಂದು ಭಾರತದ ಎದುರು ಪಂದ್ಯ. ನಮ್ಮ ಕಡೂರಿನ ವೇದಾ ಕೃಷ್ಣಮೂರ್ತಿಯೂ ಇದ್ದ ತಂಡ ಅದು. ಭಾರತದ ಪರ ಅತಿ ಹೆಚ್ಚು ರನ್ 51, ಹೊಡೆದವರು ಮಿಥಾಲಿ ರಾಜ್. ಸೋತ ಐರ್ಲೆಂಡಿನ ಪರ ಅತಿ ಹೆಚ್ಚು 33, ಹೊಡೆದವರು ಇಸೊಬೆಲ್ ಜಾಯ್ಸ್. ಒಂದೇ ಬೇಸಿಗೆಯಲ್ಲಿ ಉಂಗುರ ತೊಟ್ಟ ಎರಡು ಹಕ್ಕಿಗಳು ಹತ್ತೊಂಬತ್ತು ವರ್ಷದ ಮೇಲೆ ಒಂದೇ ಪಟ್ಟಿಯಲ್ಲಿ. ಒಬ್ಬರಿಗೆ ಹೈದರಾಬಾದಿನ ವಿಮಾನ ನಿಲ್ದಾಣದಲ್ಲಿ ಜನ ಸೇರುತ್ತಿದ್ದರು. ಇನ್ನೊಬ್ಬರು ಡಬ್ಲಿನ್ನಿನಲ್ಲಿ ಬಸ್ ಹತ್ತಿದರೆ ಪಕ್ಕದವರು ಸರಿದು ಜಾಗ ಕೊಡುತ್ತಿದ್ದರು, ಅಷ್ಟೇ.

ಎರಡು ದಿನ ಬಿಟ್ಟು, ನವೆಂಬರ್ 17, ನ್ಯೂಜಿಲೆಂಡ್ ಎದುರು ಕೊನೆಯ ಪಂದ್ಯ. ಇಸೊಬೆಲ್, ಅವಳಿ ಸಿಸಿಲಿಯಾ, ಕ್ಲೇರ್ ಶಿಲಿಂಗ್ಟನ್, ಕಿಯಾರಾ ಮೆಟ್‌ಕಾಫ್ ನಾಲ್ವರೂ ಒಟ್ಟಿಗೇ ನಿವೃತ್ತಿ. ಮರುವರ್ಷ ಆ ತಂಡಕ್ಕೆ ಮುಖ್ಯ ಕೋಚ್ ಆಗಿ ಬಂದವರು ಎಡ್ ಜಾಯ್ಸ್. ತಂಗಿಯರು ಖಾಲಿ ಮಾಡಿದ ಮನೆಗೆ ಅಣ್ಣ.

ದಾವಣಗೆರೆಯ ಹುಡುಗ ಇವತ್ತೂ ಬಂದಿದ್ದ. ಪಂದ್ಯ ಮುಗಿದಿತ್ತು. ಒಬ್ಬನೇ ಒಂದು ಸ್ಟಂಪ್ ನೆಟ್ಟುಕೊಂಡು ಎಡಗೈಯಲ್ಲಿ ಬೌಲ್ ಮಾಡುತ್ತಿದ್ದ. ನಾನು ಮೇಲೆ ನೋಡುತ್ತ ಕೂತೆ. ಒಂಬತ್ತು ಗಂಟೆ ಹೊತ್ತಿಗೆ ಮೂರು ಸ್ವಿಫ್ಟ್ ಚಾವಣಿಯ ಮೇಲಿಂದ ಕೀಚುಗುಟ್ಟುತ್ತ ಬಂದು, ಪಿಚ್ಚಿನ ಮೇಲೆ ಎರಡು ಸುತ್ತು ಹಾಕಿ, ನದಿಯ ಕಡೆ ಹೋದವು. ಬರೆದುಕೊಂಡೆ.

ಮರುದಿನ ಸಂಜೆ: ಆಕಾಶ ಖಾಲಿ. ಅದರ ಮರುದಿನ: ಖಾಲಿ. ಹಿಂದಿನ ಪುಟಕ್ಕೆ ಹೋಗಿ ‘ಸ್ವಿಫ್ಟ್, 3’ ಎಂಬಲ್ಲಿ ಅಂಚಿನಲ್ಲಿ ಸೇರಿಸಿದೆ: ‘ಈ ವರ್ಷದ ಕೊನೆಯವು.’