ಬೀಗವಿಲ್ಲದ ಕ್ಯಾಮೆರಾಗಳು

‘ನಮ್ಮ ಅಂಗಡಿಯ ಕ್ಯಾಮೆರಾ ಯಾರಿಗೆ ಬೇಕು?’ ಎಂಬ ಸಮಾಧಾನ 2013ರಲ್ಲೇ ಸುಳ್ಳಾಯಿತು. ಆ ವರ್ಷ ಅಮೆರಿಕದ ಮಿಶಿಗನ್ ವಿಶ್ವವಿದ್ಯಾಲಯದ ಸಂಶೋಧಕರು ‘ಝಡ್‌ಮ್ಯಾಪ್’ ಎಂಬ ತಂತ್ರಾಂಶ ರೂಪಿಸಿದರು. ಅದು ಒಂದೇ ಕಂಪ್ಯೂಟರಿನಿಂದ ಅಂತರ್ಜಾಲದ ಬಹುತೇಕ ಐಪಿವಿ4 ವಿಳಾಸಗಳ ಕದವನ್ನು 45 ನಿಮಿಷದೊಳಗೆ ತಟ್ಟಿತು. ಇಷ್ಟು ಸುಲಭವಾದ ಮೇಲೆ ಯಾರ ಮನೆ, ಯಾರ ಅಂಗಡಿ ಎಂದು ಆರಿಸುವ ಗೋಜು ದಾಳಿಕೋರರಿಗಿಲ್ಲ.

2009ರಿಂದ ಇರುವ ‘ಶೋಡಾನ್’ ಎಂಬ ಸರ್ಚ್ ಎಂಜಿನ್ ಉಪಕರಣಗಳನ್ನೇ ಹುಡುಕುತ್ತದೆ. ಉತ್ತರ ಕೊಟ್ಟ ಉಪಕರಣ ಹಲವು ಸಲ ತನ್ನ ಕಂಪನಿ, ಮಾದರಿ, ಆವೃತ್ತಿಯನ್ನೂ ಹೇಳಿಬಿಡುತ್ತದೆ. ಮೊಬೈಲಿನಲ್ಲಿ ದೃಶ್ಯ ಕಾಣಲೆಂದು ರೂಟರ್‌ನ ಪೋರ್ಟ್, ಅಂದರೆ ಹೊರಗಿನ ಸಂಪರ್ಕಕ್ಕಿರುವ ಬಾಗಿಲು, ತೆರೆದು, ಕಂಪನಿಯ ಪಾಸ್‌ವರ್ಡನ್ನೇ ಉಳಿಸಿದ್ದರೆ ಒಳನುಗ್ಗಲು ಜಾಣತನವೇ ಬೇಕಿಲ್ಲ.

ಪರಿಣಾಮಗಳು ಕಣ್ಣೆದುರಿಗಿವೆ. 2014ರಲ್ಲಿ ‘ಇನ್‌ಸೆಕ್ಯಾಮ್’ ಎಂಬ ಜಾಲತಾಣ ಇಂಥ ಸುಮಾರು 73,000 ಕ್ಯಾಮೆರಾಗಳ ನೇರ ದೃಶ್ಯಗಳನ್ನು ಬಿತ್ತರಿಸಿತು. 2016ರಲ್ಲಿ ‘ಮಿರಾಯ್’ ಎಂಬ ಕುತಂತ್ರಾಂಶ ಅರವತ್ತರಷ್ಟು ಸಿದ್ಧ ಪಾಸ್‌ವರ್ಡ್‌ಗಳನ್ನು ಪ್ರಯತ್ನಿಸುತ್ತಲೇ ಕ್ಯಾಮೆರಾ, ದೃಶ್ಯ ದಾಖಲಿಸುವ ಡಿವಿಆರ್‌ಗಳ ಸೈನ್ಯ ಕಟ್ಟಿತು. ಅಕ್ಟೋಬರ್ 21ರಂದು ಅಂಥ ಸೈನ್ಯದ ದಾಳಿಗೆ ಟ್ವಿಟರ್, ನೆಟ್‌ಫ್ಲಿಕ್ಸ್ ಗಂಟೆಗಟ್ಟಲೆ ತತ್ತರಿಸಿದವು. 2024ರ ಜನವರಿಯಲ್ಲಿ ರಷ್ಯಾ ಕೀವ್ ನಗರದ ವಸತಿ ಕಟ್ಟಡಗಳ ಎರಡು ಕ್ಯಾಮೆರಾಗಳನ್ನು ವಶಪಡಿಸಿಕೊಂಡು ಕ್ಷಿಪಣಿ ದಾಳಿಗೆ ಬಳಸಿತೆಂದು ಉಕ್ರೇನಿನ ಭದ್ರತಾ ಸಂಸ್ಥೆ ಹೇಳಿತು. ಮರುವರ್ಷ ಗುಜರಾತಿನ ರಾಜ್‌ಕೋಟ್‌ನ ಹೆರಿಗೆ ಆಸ್ಪತ್ರೆಯೊಂದರಲ್ಲಿ ಮಹಿಳೆಯರ ತಪಾಸಣೆಯ ಸಿಸಿಟಿವಿ ದೃಶ್ಯಗಳು ಯೂಟ್ಯೂಬ್‌ಗೆ ಬಂದು, ಟೆಲಿಗ್ರಾಂನಲ್ಲಿ ಮಾರಾಟವಾದವು.

ಮುಂದಿನ ಅಪಾಯ ಇದಕ್ಕಿಂತ ದೊಡ್ಡದು. ಭಾರತದಲ್ಲಿ 2025ರ ಏಪ್ರಿಲ್‌ನಿಂದ ಹೊಸ ಸಿಸಿಟಿವಿ ಮಾದರಿಗಳಿಗೆ ಭದ್ರತಾ ಪರೀಕ್ಷೆ ಕಡ್ಡಾಯವಾಗಿದೆ. ಆದರೆ ಈಗಾಗಲೇ ಗೋಡೆಗೆ ಹತ್ತಿದ ಕ್ಯಾಮೆರಾಗಳನ್ನು ಅದು ಸರಿಪಡಿಸದು. ಲೆನ್ಸ್ ಚೆನ್ನಾಗಿರುವಷ್ಟು ಕಾಲ ಅವನ್ನು ಯಾರೂ ಬದಲಿಸುವುದಿಲ್ಲ. ಕಂಪನಿಯ ಅಪ್‌ಡೇಟ್ ಮಾತ್ರ ಅದಕ್ಕೂ ಮೊದಲೇ ನಿಂತಿರುತ್ತದೆ. ಇತ್ತ ಬಯಲಾಗುವ ಲೋಪಗಳ ಪಟ್ಟಿ ವರ್ಷವರ್ಷವೂ ಬೆಳೆಯುತ್ತದೆ. 2021ರಲ್ಲಿ ಹೈಕ್‌ವಿಷನ್ ಕಂಪನಿಯ ಕ್ಯಾಮೆರಾಗಳಲ್ಲಿ ಸಿಕ್ಕ ಲೋಪಕ್ಕೆ ಹತ್ತರಲ್ಲಿ 9.8ರ ತೀವ್ರತೆ ಇತ್ತು. ಪಾಸ್‌ವರ್ಡ್ ಇಲ್ಲದೆಯೇ ಉಪಕರಣ ಕೈವಶವಾಗುತ್ತಿತ್ತು. ಕಂಪನಿ ಪರಿಹಾರವನ್ನೇನೋ ಕೊಟ್ಟಿತು. ಅಪ್‌ಡೇಟ್ ಮಾಡದ ಕ್ಯಾಮೆರಾಗಳಿಗೆ ಅದರಿಂದ ಪ್ರಯೋಜನವಾಗಲಿಲ್ಲ.

ಹಾಗಾಗಿ ಪಾಸ್‌ವರ್ಡ್ ಬದಲಿಸುವುದು ಮೊದಲ ಹೆಜ್ಜೆ ಅಷ್ಟೆ. ರೂಟರ್‌ನಲ್ಲಿ ತೆರೆದ ಪೋರ್ಟ್ ಮುಚ್ಚಬೇಕು, ತಾನಾಗಿಯೇ ಪೋರ್ಟ್ ತೆರೆಯುವ ಯುಪಿಎನ್‌ಪಿ ಸೌಲಭ್ಯ ನಿಲ್ಲಿಸಬೇಕು, ಅಪ್‌ಡೇಟ್ ನಿಂತ ಕ್ಯಾಮೆರಾವನ್ನು ಅಂತರ್ಜಾಲದಿಂದ ಬಿಡಿಸಬೇಕು. ಮಲಗುವ ಕೋಣೆ, ತಪಾಸಣಾ ಕೊಠಡಿಗಳಲ್ಲಂತೂ ಕ್ಯಾಮೆರಾ ಇರಲೇಬಾರದು. ಸೆರೆಯಾಗದ ದೃಶ್ಯ ಸೋರುವುದೂ ಇಲ್ಲ. ಕ್ಯಾಮೆರಾ ಹಾಕಲು ಬಂದವರ ಬಿಲ್ ಪಾವತಿಸುವ ಮುನ್ನ ಕೇಳಿ: ಯಾವ ಪೋರ್ಟ್ ತೆರೆದಿರಿ, ಪಾಸ್‌ವರ್ಡ್ ಏನಿಟ್ಟಿರಿ, ಅಪ್‌ಡೇಟ್ ಎಲ್ಲಿಯವರೆಗೆ ಸಿಗುತ್ತದೆ? ಉತ್ತರ ಸಿಗದಿದ್ದರೆ ಕೆಲಸ ಮುಗಿದಿಲ್ಲ.