ಪದಪ್ರಾಣಿಗಳ ಅಂಗರಚನೆ: ಸುಕುಮಾರ ರಾಯ್ ಅವರ ‘ಖಿಚುಡಿ’ ಮತ್ತು ಕನ್ನಡ ಅನುವಾದದ ಪ್ರಶ್ನೆ

ಕಲ್ಪಿತ ಪ್ರಾಣಿಗಳು ನಮ್ಮ ಪರಂಪರೆಗೆ ಅಪರಿಚಿತವಲ್ಲ. ಹೊಯ್ಸಳ ದೇವಾಲಯಗಳ ಮಕರ, ಪುರಾಣಗಳ ಶರಭ ಮೊದಲಾದವು ಹಲವು ಜೀವಿಗಳ ಅಂಗಗಳನ್ನು ಕೂಡಿಸಿ ಕಟ್ಟಿದ ರೂಪಗಳೇ ಆಗಿವೆ. ಆದರೆ ಇವುಗಳ ದೇಹವಿರುವುದು ಶಿಲ್ಪದಲ್ಲಿ, ವರ್ಣನೆಯಲ್ಲಿ, ಹೆಸರಿನಲ್ಲಲ್ಲ. ‘ಮಕರ’ ಎಂಬ ಪದವನ್ನು ಎಷ್ಟು ಬಿಡಿಸಿದರೂ ಅದರ ಸೊಂಡಿಲಾಗಲಿ ಬಾಲವಾಗಲಿ ದೊರೆಯದು. ಇದಕ್ಕೆ ಭಿನ್ನವಾಗಿ, ಹೆಸರನ್ನೇ ದೇಹವಾಗಿ ಉಳ್ಳ, ಧ್ವನಿಯಿಂದಲೇ ಹುಟ್ಟಿದ ಪ್ರಾಣಿಗಳೂ ಸಾಹಿತ್ಯದಲ್ಲಿವೆ. ಇವುಗಳನ್ನು ‘ಪದಪ್ರಾಣಿ’ಗಳೆಂದು ಕರೆಯಬಹುದು. ಬಂಗಾಳಿ ಕವಿ ಸುಕುಮಾರ ರಾಯ್ (1887–1923) ಅವರ ಇಂತಹ ಮೂರು ಪ್ರಾಣಿಗಳ ರಚನೆಯನ್ನು ಪರಿಶೀಲಿಸಿ, ಅವು ಕನ್ನಡಕ್ಕೆ ಬರಬಲ್ಲವೇ ಎಂಬುದನ್ನು ವಿವೇಚಿಸುವುದು ಪ್ರಸ್ತುತ ಲೇಖನದ ಉದ್ದೇಶ.

ರಾಯ್ ಅವರ ‘ಆಬೋಲ್ ತಾಬೋಲ್’ ಸಂಕಲನವು 1923ರ ಸೆಪ್ಟೆಂಬರಿನಲ್ಲಿ, ಅವರು ನಿಧನರಾದ ಕೆಲವೇ ದಿನಗಳ ಬಳಿಕ ಪ್ರಕಟವಾಯಿತು. ಇದರ ಚಿತ್ರಗಳನ್ನೂ ಅವರೇ ಬರೆದರು. ಸಂಕಲನದಲ್ಲಿರುವ ‘ಖಿಚುಡಿ’ ಎಂಬ ಪದ್ಯದಲ್ಲಿ ಹಾಂಸಜಾರು, ಬಕಚ್ಛಪ, ಹಾತಿಮಿ ಎಂಬ ಜೀವಿಗಳು ಕಾಣಿಸಿಕೊಳ್ಳುತ್ತವೆ. ಹಾಂಸ (ಬಾತುಕೋಳಿ) ಮತ್ತು ಸಜಾರು (ಮುಳ್ಳುಹಂದಿ) ಸೇರಿ ಹಾಂಸಜಾರು; ಬಕ ಮತ್ತು ಕಚ್ಛಪ (ಆಮೆ) ಸೇರಿ ಬಕಚ್ಛಪ; ಹಾತಿ (ಆನೆ) ಮತ್ತು ತಿಮಿ (ತಿಮಿಂಗಿಲ) ಸೇರಿ ಹಾತಿಮಿ.

ಈ ಮೂರರಲ್ಲಿಯೂ ಒಂದೇ ನಿಯಮ ಕೆಲಸ ಮಾಡಿದೆ. ಪೂರ್ವಪದದ ಕೊನೆಯ ಧ್ವನಿಯೇ ಉತ್ತರಪದದ ಮೊದಲ ಧ್ವನಿಯಾಗಿರುವುದರಿಂದ ಒಂದು ಬಿದ್ದುಹೋಗಿ ಇನ್ನೊಂದು ಎರಡಕ್ಕೂ ಸಲ್ಲುತ್ತದೆ. ಭಾಷಾವಿಜ್ಞಾನವು ಇದನ್ನು ಸಮಾಕ್ಷರಲೋಪವೆನ್ನುತ್ತದೆ. ‘ಊರು’ ಮತ್ತು ‘ಅಲ್ಲಿ’ ಸೇರಿ ‘ಊರಲ್ಲಿ’ ಆಗುವಾಗ ಲೋಪವಾದ ಸ್ವರ ಯಾವ ಪದದ್ದೆಂಬುದು ಸ್ಪಷ್ಟ. ಹಾತಿಮಿಯ ‘ತಿ’ ಯಾರದು? ಅದು ಆನೆಯ ಕೊನೆಯೂ ಹೌದು, ತಿಮಿಂಗಿಲದ ಮೊದಲೂ ಹೌದು. ಆನೆಗೆ ಕಾಡಿನ ಬಯಕೆ, ತಿಮಿಂಗಿಲಕ್ಕೆ ನೀರಿನ ಬಯಕೆ. ಪದ್ಯದಲ್ಲಿ ಬರುವ ಈ ಸಂಕಟ ಹುಟ್ಟುವುದು ಹಂಚಲಾಗದ ಆ ಒಂದು ಅಕ್ಷರದಿಂದಲೇ. ಪದ್ಯದ ಆರಂಭದಲ್ಲಿ ರಾಯ್ ವ್ಯಾಕರಣವನ್ನು ಲೆಕ್ಕಿಸುವುದಿಲ್ಲವೆಂದು ನಟಿಸುತ್ತಾರೆ. ಆದರೆ ಮುಂದೆ ಚೇಳಿನ ಕೊರಳಿಗೆ ಆಡು ಸೇರಿಕೊಳ್ಳುವಾಗ ‘ಸಂಧಿ’ ಎಂಬ ಪದವನ್ನೇ ಬಳಸುತ್ತಾರೆ. ದೇಹದ ಕೀಲಿಗೂ ವರ್ಣಗಳ ಕೂಡುವಿಕೆಗೂ ನಮ್ಮ ಭಾಷೆಗಳಲ್ಲಿ ಒಂದೇ ಹೆಸರಿರುವುದನ್ನು ಅವರು ಬಲ್ಲರು. ವ್ಯಾಕರಣವನ್ನು ಮುರಿದಂತೆ ತೋರುವ ಈ ಪದ್ಯವು ವಾಸ್ತವದಲ್ಲಿ ಅದಕ್ಕಿಂತ ಕಠಿಣವಾದ ನಿಯಮವೊಂದನ್ನು ಪಾಲಿಸುತ್ತದೆ.

ಲೂಯಿಸ್ ಕ್ಯಾರಲ್ 1871ರ ‘ಥ್ರೂ ದ ಲುಕಿಂಗ್ ಗ್ಲಾಸ್’ ಕೃತಿಯಲ್ಲಿ ಜಾಬರ್‌ವಾಕ್ ಎಂಬ ಪ್ರಾಣಿಯನ್ನು ಸೃಷ್ಟಿಸಿದರು. ಆ ಪದ್ಯದ ವಿಚಿತ್ರ ಪದಗಳನ್ನು ಬಿಡಿಸಿ ಹೇಳಲು ಅದೇ ಕೃತಿಯಲ್ಲಿ ಹಂಪ್ಟಿ ಡಂಪ್ಟಿ ಎಂಬ ವ್ಯಾಖ್ಯಾನಕಾರ ಬೇಕಾಯಿತು. ಹಾತಿಮಿಗೆ ವ್ಯಾಖ್ಯಾನಕಾರ ಬೇಡ; ಬಂಗಾಳಿ ಬಲ್ಲ ಮಗು ಹೆಸರು ಕೇಳಿದೊಡನೆ ಎರಡೂ ಪ್ರಾಣಿಗಳನ್ನು ಕಾಣುತ್ತದೆ.

ಅನುವಾದಕನ ತೊಡಕು ಆರಂಭವಾಗುವುದು ಇಲ್ಲಿಯೇ. ಬಕಚ್ಛಪ ಕನ್ನಡಕ್ಕೆ ಹಾಗೆಯೇ ಬರಬಲ್ಲದು. ಅದರ ಎರಡು ಪದಗಳೂ ನಮ್ಮಲ್ಲಿ ತತ್ಸಮಗಳಾಗಿವೆ. ಹಾತಿಮಿಯ ಸ್ಥಿತಿ ಬೇರೆ. ಅದನ್ನು ಅನುವಾದಿಸಲು ಪ್ರಯತ್ನಿಸಿದಾಗ ನಾನು ಮೊದಲು ‘ಆನೆತಿಮಿಂಗಿಲ’ ಎಂದು ಬರೆದುಕೊಂಡೆ. ಅರ್ಥ ಪೂರ್ತಿಯಾಗಿ ಬಂದಿತ್ತು, ಪ್ರಾಣಿ ಮಾತ್ರ ಸತ್ತಿತ್ತು. ಅಲ್ಲಿ ಎರಡು ಜೀವಿಗಳು ಪಕ್ಕಪಕ್ಕದಲ್ಲಿ ನಿಂತಿದ್ದವೇ ಹೊರತು ಒಂದು ದೇಹವಾಗಿರಲಿಲ್ಲ. ಅಡಿಟಿಪ್ಪಣಿ ಅದನ್ನು ಬದುಕಿಸಲಾರದು. ಆನೆಯನ್ನು ಕೈಬಿಟ್ಟು ಕೋತಿಯನ್ನು ಕರೆತಂದಾಗ ‘ಕೋತಿಮಿಂಗಿಲ’ ಹುಟ್ಟಿತು. ‘ತಿ’ ಮತ್ತೆ ಇಬ್ಬರ ಸೊತ್ತಾಯಿತು; ಮರಕ್ಕೂ ಕಡಲಿಗೂ ನಡುವಣ ಜಗಳವೂ ಉಳಿಯಿತು. ಇದೇ ಜಾಡಿನಲ್ಲಿ ಗೂಬೆಯೂ ಬೆಕ್ಕೂ ಸೇರಿ ‘ಗೂಬೆಕ್ಕು’ ಆಗಬಹುದು. ಆದರೆ ಎರಡೂ ಇರುಳಿನಲ್ಲಿ ಬೇಟೆಯಾಡುವ ಜೀವಿಗಳಾದ್ದರಿಂದ ಅಲ್ಲಿ ಸಂಧಿಯಿದ್ದರೂ ಸಂಕಟವಿಲ್ಲ. ‘ನಾಗರುಡ’ದಲ್ಲಿ ಎರಡೂ ಇವೆ: ಹುಟ್ಟು ವೈರಿಗಳಾದ ನಾಗ ಮತ್ತು ಗರುಡ ಒಂದೇ ‘ಗ’ಕಾರದಲ್ಲಿ ಬದುಕಬೇಕಾಗಿದೆ. ಬಾತುಕೋಳಿಗೂ ಮುಳ್ಳುಹಂದಿಗೂ ಮಾತ್ರ ಕನ್ನಡದಲ್ಲಿ ಇಂತಹ ಕೀಲು ದೊರೆಯದು.

ಕೇಶಿರಾಜನ ‘ಶಬ್ದಮಣಿದರ್ಪಣ’ವು 13ನೆಯ ಶತಮಾನದಲ್ಲಿಯೇ ಸಂಸ್ಕೃತ ಮತ್ತು ಕನ್ನಡ ಪದಗಳ ಬೆರಕೆಯನ್ನು ಅರಿಸಮಾಸವೆಂದು ಗುರುತಿಸಿ, ಬಿರುದಾವಳಿಯಂತಹ ಕೆಲವು ಎಡೆಗಳಲ್ಲಿ ಅದಕ್ಕೆ ಅವಕಾಶವಿತ್ತಿತು. ದೇಶ್ಯವಾದ ಕೋತಿ ಮತ್ತು ತತ್ಸಮವಾದ ತಿಮಿಂಗಿಲ ಸೇರಿದ ನಮ್ಮ ಪ್ರಾಣಿ ಆ ಲಕ್ಷಣಕ್ಕೆ ಒಳಪಡುತ್ತದೆ. ನಾಗರುಡದ ಎರಡೂ ಪದಗಳು ತತ್ಸಮಗಳಾದ್ದರಿಂದ ವ್ಯಾಕರಣದ ದೃಷ್ಟಿಯಲ್ಲಿ ಅದು ಅರಿಸಮಾಸವಲ್ಲ. ಅರ್ಥದಲ್ಲಿ ಅದಕ್ಕಿಂತ ದೊಡ್ಡ ಅರಿಸಮಾಸವಿಲ್ಲ.

ಈ ವಿವೇಚನೆಯಿಂದ ತಿಳಿದುಬರುವುದಿಷ್ಟು: ಪದಪ್ರಾಣಿಯು ಒಂದು ಭಾಷೆಯಿಂದ ಇನ್ನೊಂದಕ್ಕೆ ಸಾಗಿಬರುವುದಿಲ್ಲ, ಅಲ್ಲಿ ಮರುಹುಟ್ಟು ಪಡೆಯುತ್ತದೆ. ಅನುವಾದಕ ನಿಷ್ಠನಾಗಿರಬೇಕಾದುದು ಆನೆಗಲ್ಲ, ಆ ‘ತಿ’ಗೆ. ಇಂತಹ ಪದ್ಯಗಳನ್ನು ಶಿಶುಸಾಹಿತ್ಯವೆಂದೋ ಅಸಂಬದ್ಧ ಕಾವ್ಯವೆಂದೋ ಬದಿಗಿಡುವ ಬದಲು, ಸಂಧಿ ಮತ್ತು ಸಮಾಸಗಳನ್ನು ಬೋಧಿಸುವ ತರಗತಿಗೆ ಕೊಂಡೊಯ್ದರೆ ವ್ಯಾಕರಣವು ಕೇವಲ ಸೂತ್ರವಾಗಿ ಉಳಿಯದೆ ಸೃಷ್ಟಿಯ ಸಾಧನವಾಗಿಯೂ ವಿದ್ಯಾರ್ಥಿಗಳಿಗೆ ಗೋಚರಿಸೀತು.